ಸರ್ಬಿಯಾದವರ ಆಲ್ಬಮ್ಮಿನಲ್ಲಿ ನಮ್ಮೂರ ಸೇತುವೆ

ನಾನು ಬಾಯಿ ಬಿಟ್ಟರೆ ಏನಾದರೊಂದು ಆಗಿಯೇ ಆಗುತ್ತದೆ. ಮೈಸೂರಿನಲ್ಲಿದ್ದಾಗ ಅದು ಸಾಮಾನ್ಯವಾಗಿ ಜಗಳವಾಗುತ್ತಿತ್ತು. ನ್ಯೂಜಿಲೆಂಡಿಗೆ ಬಂದ ಮೇಲೆ ಹಾಡಾಯಿತು.

ಸಂದರ್ಶನ

2013ರಲ್ಲಿ ನಾನು, ಹೆಂಡತಿ, ಮಗಳು ಆಕ್ಲೆಂಡಿಗೆ ಬಂದು ಮೌಂಟ್ ರಾಸ್ಕಿಲ್‌ನಲ್ಲಿ ಬಾಡಿಗೆ ಮನೆ ಹಿಡಿದೆವು. ಹದಿನೈದು ವರ್ಷ ನೀರಿನ ಪಂಪು ಬಿಚ್ಚಿ ಜೋಡಿಸಿದ ಇಂಜಿನಿಯರ್ ನಾನು. ಆದರೆ ಹೋದಲ್ಲೆಲ್ಲ ಒಂದೇ ಪ್ರಶ್ನೆ, "ಕಿವಿ ಎಕ್ಸ್‌ಪೀರಿಯನ್ಸ್ ಇದೆಯಾ?" ಈ ದೇಶದಲ್ಲಿ ಕೆಲಸ ಮಾಡಿದ ಅನುಭವವಿಲ್ಲದೆ ಕೆಲಸ ಕೊಡರು, ಕೆಲಸ ಕೊಡದೆ ಅನುಭವ ಬಾರದು. ಹುಚ್ಚು ಬಿಡದೆ ಮದುವೆಯಾಗದು, ಮದುವೆಯಾಗದೆ ಹುಚ್ಚು ಬಿಡದು ಅನ್ನುವ ಗಾದೆಯನ್ನು ನಾನು ಅಲ್ಲಿಯವರೆಗೆ ತಮಾಷೆ ಅಂದುಕೊಂಡಿದ್ದೆ. ಏಳು ತಿಂಗಳು ಹೀಗೇ ಹೋಯಿತು. ವೀಸಾ ಮುಗಿಯುವುದರೊಳಗೆ ಕೆಲಸ ಸಿಗದಿದ್ದರೆ ಗಂಟುಮೂಟೆ ಕಟ್ಟಬೇಕಿತ್ತು.

ಕೊನೆಗೆ ಒನೆಹುಂಗಾದ ಒಂದು ಪಂಪ್ ರಿಪೇರಿ ವರ್ಕ್‌ಶಾಪಿನಿಂದ ಕರೆ ಬಂತು. ಅಲ್ಲಿನ ಫೋರ್ಮನ್ ಸರ್ಬಿಯಾದವನು. ಆರಡಿ ಆಳು, ಮುಖದಲ್ಲಿ ನಗುವಿನ ಸುಳಿವಿಲ್ಲ. ವಾರವೆಲ್ಲ ಕೂತು ಬಾಯಿಪಾಠ ಮಾಡಿದ್ದ ಸೂತ್ರಗಳನ್ನೆಲ್ಲ ನಾಲಿಗೆಯ ತುದಿಯಲ್ಲಿಟ್ಟುಕೊಂಡು ಕೂತೆ. ಅವನು ಒಂದು ಲೋಟ ಕರಿ ಕಾಫಿಯನ್ನು ನನ್ನ ಕಡೆ ತಳ್ಳಿ, "ನಿಮ್ಮ ದೇಶದಲ್ಲಿ ರಾಜಕಾರಣಿಗಳು ಹೇಗೆ?" ಎಂದ.

ನನ್ನ ಕಟ್ಟೆ ತುಂಬಿತ್ತು. ಅರ್ಧ ಗಂಟೆ ಹರಿಸಿದೆ. ಅವನು ನಿಟ್ಟುಸಿರು ಬಿಟ್ಟು, "ನಮ್ಮೂರ ಮೇಯರ್ ಒಂದೇ ಸೇತುವೆಯನ್ನು ಎರಡು ಸಲ ಉದ್ಘಾಟನೆ ಮಾಡಿದ" ಎಂದ.

"ನಮ್ಮ ಶಾಸಕರು ಮೂರು ಸಲ" ಎಂದೆ. "ಒಮ್ಮೆ ಕಂಬ ನಿಂತಾಗ, ಒಮ್ಮೆ ಬಣ್ಣ ಹೊಡೆದಾಗ, ಒಮ್ಮೆ ಚುನಾವಣೆ ಬಂದಾಗ. ಜನ ಈಗಲೂ ಹೊಳೆಗೆ ಇಳಿದೇ ದಾಟುತ್ತಾರೆ."

"ಯಾಕೆ?"

"ಸೇತುವೆ ಹೊಳೆಯ ಮಧ್ಯಕ್ಕೇ ಮುಗಿದುಹೋಗುತ್ತದೆ."

ಅವನು ನನ್ನ ಅರ್ಜಿಯನ್ನು ಮಡಿಸಿ ಡ್ರಾಯರಿಗೆ ಹಾಕಿದ. ಆಮೇಲೆ, "ಸೋಮವಾರ ಬಾ" ಎಂದ.

ಮನೆಗೆ ಬಂದು ಹೆಂಡತಿಗೆ ಹೇಳಿದೆ. ಅವಳು ದೇವರಿಗೆ ದೀಪ ಹಚ್ಚಿ ಬಂದು, "ಈ ಹಾಳು ರಾಜಕೀಯ ಬಿಡಿ ಅಂತ ಇಷ್ಟು ವರ್ಷ ಬಡ್ಕೊಂಡೆ. ಇನ್ಮೇಲೆ ದಿನಾ ಎರಡೆರಡು ಪೇಪರ್ ಓದ್ರಿ" ಎಂದಳು.

ಸಾಹಿತ್ಯ ರಚನೆ

ಕೆಲಸಕ್ಕೆ ಸೇರಿದ ಮೇಲೆ ಗೊತ್ತಾಯಿತು, ಫೋರ್ಮನ್ ಒಂದು ರಾಕ್ ಬ್ಯಾಂಡಿನ ಹಾಡುಗಾರ. ಹುಡುಗರಾಗಿದ್ದಾಗ ಅವರೂರಿನಲ್ಲಿ ಕಟ್ಟಿದ್ದ ಬ್ಯಾಂಡು. ನಾಲ್ವರೂ ಒಬ್ಬರ ಹಿಂದೆ ಒಬ್ಬರು ಆಕ್ಲೆಂಡಿಗೆ ಬಂದು ಸೇರಿದ್ದರು. ಅವರೂರಿನ ರಾಜಕಾರಣಿಗಳನ್ನು ಒಬ್ಬರನ್ನೂ ಬಿಡದೆ ಝಾಡಿಸುವ ಒಂದು ಆಲ್ಬಮ್ ಮಾಡಬೇಕು ಅನ್ನುವುದು ಅವರ ಇಪ್ಪತ್ತು ವರ್ಷದ ಆಸೆ. ಎಂಟು ಹಾಡು ಸಿದ್ಧವಾಗಿದ್ದವು. ಒಂಬತ್ತನೆಯದು ಬೇಕಿತ್ತು.

ಶನಿವಾರ ಫೋರ್ಮನ್ ತನ್ನ ಯೂಟ್, ಅಂದರೆ ಪಿಕಪ್ ಗಾಡಿ, ತಂದು ನನ್ನನ್ನು ಬ್ಯಾಂಡಿನವರ ಹತ್ತಿರ ಕರೆದುಕೊಂಡು ಹೋದ. ನಾನು ಸೇತುವೆಯ ಕಥೆಯನ್ನು ಮತ್ತೆ ಹೇಳಿದೆ. ಡ್ರಮ್ಸ್ ಬಾರಿಸುವವನು, ಅವನ ಕಸುಬು ಟೈಲ್ಸ್ ಹಾಕುವುದು, "ಆಮೇಲೆ ನೀವು ಏನು ಮಾಡಿದಿರಿ?" ಎಂದು ಕೇಳಿದ.

"ಅವರನ್ನೇ ಮತ್ತೆ ಗೆಲ್ಲಿಸಿದೆವು."

ಟೈಲ್ಸಿನವನು ಕಣ್ಣೊರೆಸಿಕೊಂಡು, "ಇಪ್ಪತ್ತು ವರ್ಷದಿಂದ ಹುಡುಕುತ್ತಿದ್ದ ಪಲ್ಲವಿ ಇದೇ" ಎಂದ.

ಚಪ್ಪಾಳೆ

ಹಾಡಿನ ಹೆಸರು 'ಮೂರನೇ ರಿಬ್ಬನ್'. ಅದರ ನಡುವೆ ಉದ್ಘಾಟನೆಯ ಚಪ್ಪಾಳೆ ಬೇಕು, ಜನ ಕರೆತರುತ್ತೀಯಾ ಎಂದ ಫೋರ್ಮನ್. ಜನ ಸೇರಿಸುವುದರಲ್ಲಿ ನಾವು ಯಾರಿಗೆ ಕಡಿಮೆ? ಕನ್ನಡ ಸಂಘದಿಂದ ಇಪ್ಪತ್ತು ಮಂದಿ ಆಂಟಿ ಅಂಕಲ್‌ಗಳನ್ನು ಸ್ಟುಡಿಯೋಕ್ಕೆ ಕರೆದೊಯ್ದೆ. ಎಲ್ಲರದೂ ಒಂದೇ ಪ್ರಶ್ನೆ, "ಊಟ ಇದ್ಯಾ?" ಇದೆ ಎಂದೆ. ಹೆಂಡತಿ ಒಂದು ಪಾತ್ರೆ ಪುಳಿಯೋಗರೆ ಕಲೆಸಿಕೊಟ್ಟಿದ್ದಳು.

ರೆಕಾರ್ಡಿಂಗ್ ಮಾಡುವ ನ್ಯೂಜಿಲೆಂಡಿನ ಯುವತಿ ಕೈ ಎತ್ತಿ ಸನ್ನೆ ಮಾಡಿದಳು. ಯಾರೂ ಚಪ್ಪಾಳೆ ತಟ್ಟಲಿಲ್ಲ. ಮಗನ ಮನೆಗೆ ಬಂದಿದ್ದ ನಿವೃತ್ತ ತಹಶೀಲ್ದಾರ್ ಅಂಕಲ್ ಒಬ್ಬರು ಎದ್ದು ನಿಂತು, "ಇದೇನ್ರೀ ಇದು? ಪ್ರಾರ್ಥನೆ ಆಗಿಲ್ಲ, ಸ್ವಾಗತ ಭಾಷಣ ಆಗಿಲ್ಲ, ನೇರವಾಗಿ ಚಪ್ಪಾಳೆಯಾ? ನನ್ನ ಸರ್ವೀಸಿನಲ್ಲೇ ಇಂಥ ಕಾರ್ಯಕ್ರಮ ನೋಡಿಲ್ಲ" ಎಂದರು.

ಫೋರ್ಮನ್‌ಗೆ ವಿವರಿಸಿದೆ. "ಮಾಡಲಿ ಬಿಡು" ಎಂದ. ಒಬ್ಬರು ಆಂಟಿ ಕಣ್ಣು ಮುಚ್ಚಿ ಗಣಪತಿ ಸ್ತುತಿ ಹಾಡಿದರು. ಅಂಕಲ್ ವೇದಿಕೆಯ ಮೇಲಿದ್ದ ಗಣ್ಯರನ್ನು, ಅಂದರೆ ನಾಲ್ವರು ಉದ್ದಗೂದಲಿನ ಸರ್ಬಿಯನ್ನರನ್ನು, ಸ್ವಾಗತಿಸಿದರು. ಆಮೇಲೆ ಬಿದ್ದ ಚಪ್ಪಾಳೆಗೆ ಸ್ಟುಡಿಯೋದ ಗಾಜು ಅದುರಿತು.

ಆ ಯುವತಿ ರೆಕಾರ್ಡಿಂಗ್ ನಿಲ್ಲಿಸಿರಲಿಲ್ಲ. ಸರ್ಬಿಯಾದ ಇಡೀ ರಾಜಕೀಯವನ್ನು ಬಯ್ಯುವ ಆ ಆಲ್ಬಮ್ಮಿನ ಅತ್ಯಂತ ಗದ್ದಲದ ಹಾಡು ಇವತ್ತಿಗೂ ಗಣಪತಿ ಸ್ತುತಿಯಿಂದಲೇ ಶುರುವಾಗುತ್ತದೆ. ವಂದನಾರ್ಪಣೆಯನ್ನು ಮಾತ್ರ ಕತ್ತರಿಸಿದ್ದಾರೆಂದು ಅಂಕಲ್‌ಗೆ ಇನ್ನೂ ಬೇಸರವಿದೆ.

ಹೆಸರು ಬೇಡ

ಅಷ್ಟರಲ್ಲಿ ನಾವು ಇಲ್ಲೇ ಕಾಯಮ್ಮಾಗಿ ನೆಲೆಸಲು ರೆಸಿಡೆನ್ಸಿ ಅರ್ಜಿ ಹಾಕಿದ್ದೆವು. ಹೆಂಡತಿ ಖಡಾಖಂಡಿತವಾಗಿ ಹೇಳಿದಳು, "ನಮ್ಮ ಫೈಲು ಆಫೀಸಲ್ಲಿ ಕೂತಿದೆ. ಬೇರೆ ದೇಶದ ಸರ್ಕಾರ ಬಯ್ಯೋ ಹಾಡಲ್ಲಿ ನಿಮ್ಮ ಹೆಸ್ರು ಬಂದ್ರೆ ಮೂರೂ ಜನ ವಾಪಸ್ಸು. ಎಲ್ಲೂ ಹೆಸ್ರು ಬರಕೂಡ್ದು."

ಇಲ್ಲೇ ಬೆಳೆಯುತ್ತಿದ್ದ ಮಗಳು, "ಬಟ್ ಅಮ್ಮಾ, ಡ್ಯಾಡ್ ಈಸ್ ಫೈನಲಿ ಕೂಲ್" ಎಂದಳು. ಅವಳ ಮಾತು ಊರ್ಜಿತವಾಗಲಿಲ್ಲ.

ಫೋರ್ಮನ್‌ಗೆ ಹೇಳಿದೆ. ಅವನಿಗೆ ಬೇಜಾರಾಯಿತು, ಆದರೆ ಒಪ್ಪಿದ. ಸಿಡಿ ಕೈಗೆ ಬಂತು. ಒಂಬತ್ತನೇ ಹಾಡಿನ ಕೆಳಗೆ ಇಂಗ್ಲಿಷಿನಲ್ಲಿ, "ಕಥೆ: ಹೆಂಡತಿಗೆ ಹೆದರುವ ಒಬ್ಬ ಮೈಸೂರಿನ ಇಂಜಿನಿಯರ್" ಎಂದು ಅಚ್ಚಾಗಿತ್ತು.

ಮರುವಾರ ಸಂಘದ ಕಾರ್ಯಕ್ರಮದಲ್ಲಿ ಏಳು ಜನ ಗಂಡಸರು ನನ್ನನ್ನು ಒಬ್ಬೊಬ್ಬರಾಗಿ ಮೂಲೆಗೆ ಕರೆದು, "ಸಿಡಿ ಮೇಲಿನ ಆ ಸಾಲು ನನ್ನ ಬಗ್ಗೆ ಬರೆದಿದ್ದೇನ್ರೀ?" ಎಂದು ಕೇಳಿದರು. ಹೆಂಡತಿ ನಕ್ಕು, "ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡ್ರಂತೆ" ಎಂದಳು. ಈ ಗಾದೆಯನ್ನು ಫೋರ್ಮನ್‌ಗೆ ಹೇಳಿದೆ. ಕದ್ದ ಕುಂಬಳಕಾಯಿಯ ಬೂದಿ ಹೆಗಲಿಗೆ ಅಂಟಿರುತ್ತದೆ, ಯಾರೋ ಕಳ್ಳ ಎಂದೊಡನೆ ಕದ್ದವನ ಕೈ ತಾನಾಗಿ ಅಲ್ಲಿಗೆ ಹೋಗುತ್ತದೆ ಎಂದು ಬಿಡಿಸಿ ಹೇಳಿದೆ. ಆ ಮನುಷ್ಯ ನಕ್ಕಿದ್ದನ್ನು ವರ್ಕ್‌ಶಾಪಿನವರು ಅವತ್ತೇ ಮೊದಲು ನೋಡಿದ್ದು.

ವಕೀಲರ ಪತ್ರ

ಬೇಸಿಗೆಯ ರಜೆಯಲ್ಲಿ ಬ್ಯಾಂಡು ತಮ್ಮೂರಿನ ಪುರಭವನದಲ್ಲಿ ಈ ಆಲ್ಬಮ್ ಹಾಡಬೇಕೆಂದು ಗೊತ್ತಾಗಿತ್ತು. ಫೋರ್ಮನ್‌ನ ತಾಯಿ ಮಗನ ಹಾಡು ಕೇಳಿ ಹನ್ನೆರಡು ವರ್ಷವಾಗಿತ್ತು. ಮುಂದಿನ ಸಾಲಿನ ಕುರ್ಚಿಯನ್ನು ಆಗಲೇ ಹೇಳಿಟ್ಟಿದ್ದರಂತೆ. ಆಗ ಬಂತು ಆ ಊರಿನ ಮೇಯರ್‌ನ ವಕೀಲರ ಪತ್ರ.

ಫೋರ್ಮನ್ ಅನುವಾದ ಮಾಡಿ ಓದಿದ. "ಒಂಬತ್ತನೇ ಹಾಡು ನಮ್ಮ ಕಕ್ಷಿದಾರರ ಕುರಿತಾದದ್ದು. ಅವರು ಕತ್ತರಿಸಿದ್ದು ಎರಡೇ ರಿಬ್ಬನ್. ಮೂರು ಎಂದಿರುವುದು ಮಾನಹಾನಿ. ಹಾಡು ಅವರ ಕುರಿತಲ್ಲವೆಂದು ತೋರಿಸದಿದ್ದರೆ ಪುರಭವನ ಕೊಡಲಾಗದು." ಓದಿ ಮುಗಿಸಿ, ತನ್ನ ಎಡ ಹೆಗಲನ್ನು ಮೆಲ್ಲಗೆ ಒರೆಸಿದ.

ತೋರಿಸಬಲ್ಲವನು ನಾನೊಬ್ಬನೇ. ಸೇತುವೆ ನಮ್ಮೂರಿನದು ಎಂದು ಹೆಸರು, ವಿಳಾಸ ಸಮೇತ ಬರೆದು ಸಹಿ ಹಾಕಬೇಕು. ಫೈಲು ಇನ್ನೂ ಆಫೀಸಿನಲ್ಲೇ ಇತ್ತು. ಫೋರ್ಮನ್ ಮಾತ್ರ ನನ್ನನ್ನು ಕೇಳಲೇ ಇಲ್ಲ. ಪತ್ರ ಮಡಿಸಿ ಜೇಬಿಗಿಟ್ಟು ಪಂಪು ಬಿಚ್ಚಲು ಹೋದ. ಕೇಳಿದ್ದರೆ ಏನಾದರೂ ನೆಪ ಹೇಳಿಬಿಡುತ್ತಿದ್ದೆ. ಕೇಳದೇ ಇದ್ದದ್ದು ನನಗೆ ಕಷ್ಟವಾಯಿತು.

ಮನೆಯಲ್ಲಿ ಅಳುಕುತ್ತಲೇ ಹೇಳಿದೆ. ಹೆಂಡತಿ ಒಲೆ ಆರಿಸಿದಳು. ಆಮೇಲೆ ಮಗಳ ನೋಟ್‌ಬುಕ್ಕಿನಿಂದ ಹಾಳೆ ಹರಿದು ನನ್ನ ಮುಂದಿಟ್ಟಳು. "ಅವ್ರು ಕಿವಿ ಎಕ್ಸ್‌ಪೀರಿಯನ್ಸ್ ಕೇಳಿದ್ರಾ? ಇಲ್ವಲ್ಲ. ಉಂಡ ಮನೆಗೆ ಎರಡು ಬಗೀಬಾರ್ದು. ಬರೀರಿ. ಇನಿಷಿಯಲ್ ಬೇಡ, ನಿಮ್ಮಪ್ಪನ ಹೆಸ್ರು ಪೂರ್ತಿ ಬರೀರಿ."

ಸಾಕ್ಷಿಗೆ ಉದ್ಘಾಟನೆಯ ಮೂರು ಕಲ್ಲುಗಳ ಫೋಟೊ ಕಳಿಸಲು ಊರಿನಲ್ಲಿದ್ದ ಭಾಮೈದನಿಗೆ ಹೇಳಿದೆ. ವಾಟ್ಸಾಪಿನಲ್ಲಿ ಬಂದ ಫೋಟೊದಲ್ಲಿ ನಾಲ್ಕು ಕಲ್ಲಿದ್ದವು. "ಹೋದ ತಿಂಗಳು ಇನ್ನೊಂದಾಯ್ತು ಭಾವ, ಸ್ಕೂಲಿಗೆ ರಜಾ ಕೊಟ್ಟಿದ್ರು" ಎಂದ. ಸೇತುವೆ? ಅದು ಹೊಳೆಯ ಮಧ್ಯದಲ್ಲೇ ಇತ್ತು.

ಎಲ್ಲವನ್ನೂ ಮೇಯರ್‌ನ ವಕೀಲರಿಗೆ ಕಳಿಸಿದೆವು. ಆರು ವಾರ ನನ್ನ ಹೆಂಡತಿ ಅಂಚೆ ಡಬ್ಬಿಯ ಹತ್ತಿರ ಹೋಗುವಾಗ ದೇವರ ನಾಮ ಹೇಳಿಕೊಂಡೇ ಹೋಗುತ್ತಿದ್ದಳು. ಏಳನೇ ವಾರ ನಮ್ಮ ರೆಸಿಡೆನ್ಸಿ ಬಂತು. ಹಾಡಿನ ಬಗ್ಗೆ ಯಾರೂ ಒಂದು ಮಾತೂ ಕೇಳಿರಲಿಲ್ಲ. ನಾನು ಆ ಕಾಗದ ಹಿಡಿದು ಒನೆಹುಂಗಾಕ್ಕೆ ಓಡಿದೆ. ಈ ದೇಶದಲ್ಲಿ ನಾವು ಉಣ್ಣುವ ಅನ್ನದಲ್ಲಿ ಅವನ ಒಂದು ತುತ್ತಿದೆ, ಅದನ್ನು ಅವತ್ತು ಅವನಿಗೆ ಹೇಳಿಯೂಬಿಟ್ಟೆ. ಅವನು ನನ್ನ ಬೆನ್ನಿಗೆ ಎರಡು ಏಟು ಹಾಕಿದ. ಮೂರು ದಿನ ನೋವಿತ್ತು.

ಆಮೇಲೆ ಜೇಬಿನಿಂದ ತನ್ನ ಕಾಗದ ತೆಗೆದ. ಮೇಯರ್ ದೂರು ಹಿಂತೆಗೆದುಕೊಂಡಿದ್ದ. ಪುರಭವನ ಕೊಟ್ಟಿದ್ದ. ತಾಯಿಯ ಕುರ್ಚಿಯೂ ಭದ್ರವಾಗಿತ್ತು. ಕೊನೆಯಲ್ಲಿ ಮೇಯರ್ ಸ್ವಂತ ಕೈಯಿಂದ ಮೂರು ಸಾಲು ಸೇರಿಸಿದ್ದ.

"ಫೋಟೊ ನೋಡಿದೆ. ನಮ್ಮ ಸೇತುವೆ ದಡ ಮುಟ್ಟಿಬಿಟ್ಟಿದ್ದರಿಂದ ನನಗೆ ಎರಡಕ್ಕಿಂತ ಮುಂದೆ ಹೋಗಲಾಗಲಿಲ್ಲ. ಆ ಶಾಸಕರ ವಿಳಾಸ ಸಿಗಬಹುದೇ?"