ಶೀರ್ಷಿಕೆಯ ಕೆಳಗಿನ ಖಾಲಿ ಜಾಗ

ಕೆಲವರಿಗೆ ನಶ್ಯದ ಚಟವಿರುತ್ತದೆ, ಕೆಲವರಿಗೆ ಇಸ್ಪೀಟಿನ ಚಟ. ನನಗಿರುವುದು ಶೀರ್ಷಿಕೆಯ ಚಟ. ಬಿಳಿ ಹಾಳೆ ಕಂಡರೆ ಸಾಕು, ಮೇಲೆ ನಡುಮಧ್ಯದಲ್ಲಿ ಒಂದು ಮಾತು ಬರೆದು ಅದರ ಕೆಳಗೆ ಎರಡು ಗೆರೆ ಎಳೆಯದೆ ನನ್ನ ಕೈ ಮುಂದೆ ಹೋಗುವುದಿಲ್ಲ. ಶಾಲೆಯಲ್ಲಿ ಮಾಸ್ತರರು ಇದಕ್ಕೆ ತಲೆಬರಹ ಎನ್ನುತ್ತಿದ್ದರು. ನಾನಿರುವ ಸೊಲ್ಲಾಪುರದ ಮರಾಠಿ ಗೆಳೆಯರು ಮಥಳಾ ಎನ್ನುತ್ತಾರೆ, ಛಾಪಖಾನೆಯವರು ಹೆಡ್ಡಿಂಗು ಎನ್ನುತ್ತಾರೆ. ನಾನು ಮಾತ್ರ ಶೀರ್ಷಿಕೆ ಎಂದೇ ಹೇಳುತ್ತೇನೆ. ಹೇಳುವಾಗ ಬಾಯಿ ತುಂಬುತ್ತದೆ. ಕೆಳಗೆ ಏನು ಬರಲಿದೆ ಎಂಬುದನ್ನು ಮೇಲೆ ನಿಂತು ಮೊದಲೇ ಸಾರುವ ಮಾತು ಅದು. ಹಾಗಂತ ನನಗೆ ಅರ್ಥ ಹೇಳಿಕೊಟ್ಟವರು ನಮ್ಮ ಕಚೇರಿಯ ಹಿರಿಯ ಕಾರಕೂನರು. ನಾನು ಹೊಸದಾಗಿ ಸೇರಿದಾಗ ವರದಿ ಬರೆಯಲು ತಿಣುಕುತ್ತಿದ್ದೆ. ಅವರು ಬಂದು, “ಮೊದಲ ಶೀರ್ಷಿಕೆ ಬರದ ಇಡು. ಕೆಳಗಿನ ಮಜಕೂರ ತಾನ ಬಂದು ಕೂಡತದ. ಬರಲಿಲ್ಲಂದ್ರ ‘ಏನೂ ಇಲ್ಲ’ ಅಂತಾದ್ರೂ ಬರಿ, ಆದ್ರ ಖಾಲಿ ಮಾತ್ರ ಬಿಡಬ್ಯಾಡ” ಎಂದರು. ಖಾಲಿ ಬಿಟ್ಟರೆ ಮೇಲಿನ ಸಾಹೇಬರು ಪ್ರಶ್ನೆ ಕೇಳುತ್ತಾರಂತೆ. ಅವತ್ತಿನಿಂದ ಹನ್ನೊಂದು ವರ್ಷ ನಾನು ಕಚೇರಿಯ ಯಾವ ಶೀರ್ಷಿಕೆಯನ್ನೂ ಖಾಲಿ ಬಿಟ್ಟವನಲ್ಲ.

ಇದು ಕಚೇರಿಯಲ್ಲೇ ಉಳಿದಿದ್ದರೆ ನನಗೆ ಬಡ್ತಿ ಸಿಗುತ್ತಿತ್ತು. ಆದರೆ ಮನೆಗೂ ಬಂತು. ನವಿ ಪೇಠೆಯ ಕಿರಾಣಿ ಅಂಗಡಿಗೆ ಕಳಿಸುವ ಚೀಟಿಯಲ್ಲಿ ನಾನು ‘ಧಾನ್ಯ’, ‘ಮಸಾಲೆ’, ಉಳಿದ ಚಿಲ್ಲರೆ ಸಾಮಾನಿಗೆ ‘ಸಂಕೀರ್ಣ’ ಎಂದು ಮೂರು ಭಾಗ ಮಾಡಿ ಬರೆಯುತ್ತಿದ್ದೆ. ಒಂದು ಸಲ ಸಂಕೀರ್ಣದ ಕೆಳಗೆ ಬರೆಯಲು ಏನೂ ಇರಲಿಲ್ಲ, ಗಡಿಬಿಡಿಯಲ್ಲಿ ಹಾಗೆಯೇ ಕಳಿಸಿಬಿಟ್ಟೆ. ಅಂಗಡಿಯವನು ಉಳಿದ ಸಾಮಾನೆಲ್ಲ ಕಟ್ಟಿಕೊಟ್ಟು ಚೀಟಿಯ ಹಿಂದೆ, “ಸಂಕೀರ್ಣ ಮಾಲು ತೀರಿದೆ, ಮುಂದಿನ ವಾರ ಬರುತ್ತದೆ” ಎಂದು ಬರೆದಿದ್ದ. ಇದಕ್ಕಿಂತ ದೊಡ್ಡ ಅನಾಹುತ ನನ್ನ ಹೆಂಡತಿ ಬಾಣಂತನಕ್ಕೆಂದು ವಳಸಂಗದ ತವರುಮನೆಗೆ ಹೋದಾಗ ಆಯಿತು. ನಾನು ಅವಳಿಗೆ ಬರೆದ ಪತ್ರದಲ್ಲಿ ಮೂರು ಶೀರ್ಷಿಕೆಗಳಿದ್ದವು: ಕ್ಷೇಮಸಮಾಚಾರ, ಮನೆಯ ಸ್ಥಿತಿ, ಪ್ರೀತಿ. ಮೊದಲೆರಡಕ್ಕೇ ಹಾಳೆ ತುಂಬಿಹೋಗಿದ್ದರಿಂದ ಮೂರನೆಯದರ ಕೆಳಗೆ, ಕಚೇರಿಯ ಅಭ್ಯಾಸದಂತೆ, ‘ಮೇಲಿನಂತೆ’ ಎಂದು ಬರೆದು ಅಂಚೆಗೆ ಹಾಕಿದೆ. ರವಿವಾರ ಕೂಸನ್ನು ನೋಡಲು ಹೋದರೆ ಅವಳು ಮುಖ ಕೊಟ್ಟು ಮಾತಾಡಲಿಲ್ಲ. ಕಡೆಗೆ, “ಪ್ರೀತಿ ಮ್ಯಾಲಿನಂಗ ಅಂತ ಬರದೀರಿ. ಮ್ಯಾಲ ನೋಡಿದ್ರ ಹಿಟ್ಟ ತೀರೇದ, ನಳ ಕೆಟ್ಟದ ಅಂತದ. ಹಂಗಾರ ಪ್ರೀತೀನೂ ತೀರೇದ ಏನ್ರಿ?” ಎಂದು ಕೇಳಿದಳು. ಅವಳ ಅಪ್ಪ ಅಲ್ಲೇ ಕೂತಿದ್ದರು. ನಾನು ಕೂಸನ್ನು ಆಡಿಸುವ ನೆಪದಲ್ಲಿ ಹೊರಗೆ ಹೋದೆ.

ಇಷ್ಟಾದರೂ ನನಗೆ ಬುದ್ಧಿ ಬರಲಿಲ್ಲ. ಬಂದಿದ್ದರೆ ನನ್ನ ತಂಗಿ ಇಂದಿರೆಯ ಲಗ್ನದ ಯಾದಿ ಬರೆಯುವ ಕೆಲಸವನ್ನು ನಾನು ಒಪ್ಪಿಕೊಳ್ಳುತ್ತಿರಲಿಲ್ಲ. ನಮ್ಮ ಕಡೆ ಸಂಬಂಧ ಕುದುರಿದ ಮೇಲೆ ಎರಡೂ ಮನೆಯ ಹಿರಿಯರು ಎದುರುಬದುರು ಕೂತು, ಲಗ್ನ ಎಲ್ಲಿ, ಎಂದು, ಯಾರು ಏನು ಮಾಡತಕ್ಕದ್ದು, ಯಾರಿಗೆ ಧೋತರ, ಯಾರಿಗೆ ಸೀರೆ ಎಂಬುದನ್ನೆಲ್ಲ ಒಂದು ಕಾಗದದ ಮೇಲೆ ಬರೆಸುತ್ತಾರೆ. ಅದೇ ಯಾದಿ. ಮೊದಲು ಕಾಗದದ ನಾಲ್ಕೂ ಮೂಲೆಗೆ ಅರಿಶಿನ ಕುಂಕುಮ ಹಚ್ಚಿ, ದೇವರ ಮುಂದಿಟ್ಟು, ಬರೆದು ಮುಗಿದ ಮೇಲೆ ಎಲ್ಲರ ಬಾಯಿಗೆ ಸಕ್ಕರೆ ಹಾಕಿದರೆ ಲಗ್ನ ನಿಶ್ಚಯವಾದಂತೆ. ಯಾದಿ ಮುಗಿಯುವ ತನಕ ಯಾರ ಎದೆಯೂ ಹಗುರವಾಗುವುದಿಲ್ಲ. ಇಂದಿರೆಗೆ ಅದಕ್ಕೆ ಮೊದಲು ಎರಡು ಸಂಬಂಧ ಬಂದು, ಯಾದಿಯ ತನಕ ಬರದೆ ಹಾಗೇ ಹಿಂದೆ ಸರಿದಿದ್ದವು. ಅಪ್ಪ ತೀರಿಕೊಂಡ ಮೇಲೆ ಅವ್ವನಿಗೆ ಅದೊಂದೇ ಚಿಂತೆ. ಈ ಮೂರನೆಯದು ಅಕ್ಕಲಕೋಟೆಯ ಸಂಬಂಧ. ಹುಡುಗ ವಸಂತರಾವ್ ಅಲ್ಲಿಯ ಶಾಲೆಯಲ್ಲಿ ಮಾಸ್ತರ. ಹುಡುಗಿ ನೋಡಲು ಬಂದ ದಿನ ಎಲ್ಲರೂ ಅವಳಿಗೆ ಹಾಡು ಬರುತ್ತದೆಯೇ, ಹೋಳಿಗೆ ಬರುತ್ತದೆಯೇ ಎಂದು ಕೇಳಿದರೆ, ಅವರೊಬ್ಬರು ಮಾತ್ರ, ಸದ್ಯ ಏನು ಓದುತ್ತಿದ್ದೀರಿ ಎಂದು ಕೇಳಿದರು. ಅವರು ಹೋದ ಮೇಲೆ ಅವ್ವ ಕೇಳಿದಾಗ ಇಂದಿರೆ “ಹೂಂ” ಎಂದಳು. ಹಿಂದಿನ ಎರಡು ಸಲವೂ ಅವಳು ಹೂಂ ಎಂದಿರಲಿಲ್ಲ, ನಿಮ್ಮಿಷ್ಟ ಎಂದಿದ್ದಳು. ಈ ವ್ಯತ್ಯಾಸ ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತಾಯಿತು.

ಯಾದಿಯನ್ನು ನಾನು ಕಚೇರಿಯಲ್ಲಿ ಊಟದ ಬಿಡುವಿನಲ್ಲಿ ತಯಾರು ಮಾಡಿದೆ. ತಯಾರು ಎಂದರೆ ಶೀರ್ಷಿಕೆಗಳು ಮಾತ್ರ. ಕೆಳಗಿನದನ್ನು ಎರಡೂ ಕಡೆಯವರ ಎದುರಿಗೇ ಬರೆಯಬೇಕೆಂಬುದು ಪದ್ಧತಿ. ಮುಹೂರ್ತ, ಸ್ಥಳ, ವರನ ಕಡೆಯವರು ಮಾಡತಕ್ಕದ್ದು, ವಧುವಿನ ಕಡೆಯವರು ಮಾಡತಕ್ಕದ್ದು, ಉಡುಗೊರೆ ಎಂದು ಐದು ಶೀರ್ಷಿಕೆಗಳನ್ನು ಅಚ್ಚುಕಟ್ಟಾಗಿ ಬರೆದು, ಕೆಳಗೆ ತಕ್ಕಷ್ಟು ಜಾಗ ಬಿಟ್ಟೆ. ನಮ್ಮ ಕಚೇರಿಯ ಪ್ರತಿ ವರದಿಯ ಕೊನೆಗೂ ಆರನೆಯ ಶೀರ್ಷಿಕೆಯೊಂದು ಇರುತ್ತದೆ. ನನ್ನ ಕೈ ನನ್ನನ್ನು ಕೇಳದೆ ಅದನ್ನೂ ಬರೆದು ಎರಡು ಗೆರೆ ಎಳೆಯಿತು. ಬರೆದದ್ದು ಕಣ್ಣಿಗೆ ಬಿತ್ತು, ಇಲ್ಲವೆನ್ನುವುದಿಲ್ಲ. ಕೆಳಗೆ ‘ಏನೂ ಇಲ್ಲ’ ಎಂದು ಬರೆದರೆ ಎಷ್ಟು ಚೆನ್ನಾಗಿರುತ್ತದೆ ಎಂದು ಅದನ್ನು ನೋಡಿ ಸಂತೋಷವನ್ನೇ ಪಟ್ಟೆ.

ಬುಧವಾರ ಬೆಳಿಗ್ಗೆ ನಾನು, ಅವ್ವ, ವಕೀಲರೊಬ್ಬರ ಹತ್ತಿರ ಗುಮಾಸ್ತರಾಗಿರುವ ನಮ್ಮ ಸೋದರಮಾವ, ಮೂವರೂ ಮೋಟಾರು ಹತ್ತಿ ಅಕ್ಕಲಕೋಟೆಗೆ ಹೋದೆವು. ಹನ್ನೆರಡಕ್ಕೆ ರಾಹುಕಾಲ, ಅದರೊಳಗೆ ಸಕ್ಕರೆ ಹಂಚಿ ಮುಗಿಯಬೇಕಿತ್ತು. ಜಮಖಾನದ ಮೇಲೆ ಎದುರಿಗೆ ವಸಂತರಾವ್ ಮತ್ತು ಅವರ ಕಾಕಾ ಕೂತಿದ್ದರು. ಕಾಕಾ ಹಿಂದೆ ಸಂಸ್ಥಾನದ ದಫ್ತರಿನಲ್ಲಿ ಕೆಲಸ ಮಾಡಿದವರು, ದೊಡ್ಡ ಮೀಸೆ, ದೊಡ್ಡ ದನಿ. ಅಡಿಗೆಮನೆಯ ಬಾಗಿಲ ಮರೆಯಲ್ಲಿ ಆ ಮನೆಯ ಹೆಂಗಸರು. ಯಾದಿಗೆ ಕುಂಕುಮ ಹಚ್ಚಿ ದೇವರ ಮುಂದಿಟ್ಟು ತಂದಾದ ಮೇಲೆ ಕಾಕಾ, “ನಮಗ ಕನ್ನಡ ಮಾತಾಡ್ಲಿಕ್ಕೆ ಬರ್ತದ, ಓದ್ಲಿಕ್ಕೆ ಬರಂಗಿಲ್ರಿ. ಸಾಲಿ ಎಲ್ಲಾ ಮರಾಠಿ. ನೀವ ಓದ್ರಿ” ಎಂದರು. ನಾನು ಗಂಟಲು ಸರಿಮಾಡಿಕೊಂಡು, ಮೊದಲು ಶೀರ್ಷಿಕೆಗಳನ್ನು ಓದುತ್ತೇನೆ ಎಂದೆ. “ಶೀರ್ಷಿಕೆ ಅಂದ್ರ?” ಎಂದು ಕೇಳಿದರು. “ಮಥಳಾ ರಿ” ಎಂದೆ. “ಹಾಂ, ಹಾಂ, ಮಥಳಾ. ನಡೀಲಿ.” ಐದು ಶೀರ್ಷಿಕೆಗಳಿಗೂ ನಾನು ಮರಾಠಿಯಲ್ಲಿ ಅರ್ಥ ಹೇಳಬೇಕಾಯಿತು. ಆರನೆಯದಕ್ಕೆ ಹೇಳಬೇಕಾಗಲಿಲ್ಲ. ಅದು ಮರಾಠಿಯವರಿಗೂ ಕನ್ನಡದವರಿಗೂ ಒಂದೇ ಸಲಕ್ಕೆ ತಿಳಿಯುವ ಮಾತು. ನಾನು “ತಕರಾರು” ಎಂದು ಓದಿದೆ.

ಅಡಿಗೆಮನೆಯಲ್ಲಿ ಬಳೆಗಳ ಸದ್ದು ನಿಂತಿತು. ಕಾಕಾ ಮೀಸೆಯ ಮೇಲಿನ ಕೈ ತೆಗೆದರು. “ಲಗ್ನದ ಯಾದ್ಯಾಗ ತಕರಾರು? ಇದೇನ ಕೋರ್ಟೇನ್ರಿ?” ಎಂದರು. “ಇಲ್ರಿ ಕಾಕಾ, ಅದು ಬರೇ ಶೀರ್ಷಿಕೆ. ಕೆಳಗ ‘ಏನೂ ಇಲ್ಲ’ ಅಂತ ಬರದ್ರ ಮುಗೀತು” ಎಂದೆ. ಅಲ್ಲಿಯೇ ನಾನು ಎರಡನೆಯ ತಪ್ಪು ಮಾಡಿದೆ. “ಏನೂ ಇಲ್ಲಂತ ನೀವ ಹೆಂಗ ಬರೀತೀರಿ? ನಮ್ಮ ತಕರಾರ ಅದನೋ ಇಲ್ಲೋ ನಾವಲ್ಲ ಹೇಳವ್ರು?” ಎಂದು ಅವರು ಕೇಳಿದರು. ಮಾತು ನ್ಯಾಯವಾಗಿತ್ತು. “ಹಂಗಾರ ಹೊಡದ ಹಾಕತೀನ್ರಿ” ಎಂದು ನಾನು ಪೆನ್ನು ಎತ್ತಿದೆ. ಬಾಗಿಲ ಮರೆಯಿಂದ ನಾಲ್ಕೈದು ಜನ ಒಟ್ಟಿಗೆ “ಅಯ್ಯ!” ಎಂದರು. ಅವ್ವ ನನ್ನ ರಟ್ಟೆ ಹಿಡಿದಳು. ಕುಂಕುಮ ಹಚ್ಚಿದ ಯಾದಿಯಲ್ಲಿ ಅಕ್ಷರ ಹೊಡೆದುಹಾಕುವುದೆಂದರೆ ಸಂಬಂಧವನ್ನೇ ಹೊಡೆದುಹಾಕಿದಂತೆ. ಹರಿದು ಬೇರೆ ಬರೆಯುವುದಂತೂ ಬಾಯಿಬಿಟ್ಟು ಹೇಳುವ ಮಾತೇ ಅಲ್ಲ. ಹೀಗೆ ಆ ಶೀರ್ಷಿಕೆ ಅಲ್ಲೇ ಕೂತಿತು, ಅದರ ಕೆಳಗೆ ನಾಲ್ಕು ಬೆರಳು ಖಾಲಿ ಜಾಗ.

ಖಾಲಿ ಜಾಗ ಕಂಡರೆ ಮನುಷ್ಯರಿಗೆ ಏನಾಗುತ್ತದೆ ಎಂಬುದನ್ನು ನಾನು ಆವತ್ತು ಕಂಡೆ. ಆ ಮಾತನ್ನು ಓದುವ ಮುಂಚೆ ಆ ಮನೆಯಲ್ಲಿ ಯಾರಿಗೂ ಯಾವ ತಕರಾರೂ ಇರಲಿಲ್ಲ. ಈಗ ಕಾಕಾ ಮೇಲೆ ನೋಡಿ ನೆನಪು ಮಾಡಿಕೊಳ್ಳತೊಡಗಿದರು. “ಹೆಂಗೂ ಜಾಗಾ ಬಿಟ್ಟೀರಿ, ಹೇಳತೀನಿ. ಹುಡಿಗೀ ನೋಡಾಕ ಬಂದಾಗ ಉಪ್ಪಿಟ್ಟ ಆರಿತ್ತು” ಎಂದರು. ನಮ್ಮ ಸೋದರಮಾವನಿಗೆ ಅಷ್ಟು ಸಾಕಾಯಿತು. “ಆರದ ಏನ್ ಮಾಡ್ತದ್ರಿ? ಒಂಬತ್ತಕ್ಕ ಬರ್ತೀವಿ ಅಂದವ್ರು ಹನ್ನೊಂದಕ್ಕ ಬಂದ್ರಿ. ಅದನ್ನೂ ಬರ್ಕೋ” ಎಂದು ನನಗೆ ಅಪ್ಪಣೆ ಕೊಟ್ಟರು. ನಾನು ಬರೆಯಲಿಲ್ಲ. “ಮೋಟಾರ ತಪ್ಪಿದ್ರ ನಾವೇನ ಹಾರಿ ಬರಬೇಕಿತ್ತೇನ್ರಿ?” ಎಂದು ಕಾಕಾ ದನಿ ಏರಿಸಿದರು. ಗಡಿಯಾರದಲ್ಲಿ ಹನ್ನೊಂದೂವರೆ. ವಸಂತರಾವ್ ಜಮಖಾನದ ಒಂದು ಎಳೆಯನ್ನೇ ನೋಡುತ್ತ ಕೂತಿದ್ದರು. ಆಗ ಬಾಗಿಲ ಮರೆಯಿಂದ ಅವರ ಅಕ್ಕನ ಸಣ್ಣ ದನಿ ಬಂತು: “ಹುಡಿಗೀದು ಮೊದಲ ಎರಡ ಕಡೆ ಮುರದದ ಅಂತ ಕೇಳೀವಿ. ಯಾಕ ಮುರೀತು ಅಂತ ಅಲ್ಲೇ ಬರಸ್ರಿ. ಜಾಗಾ ಹೆಂಗೂ ಅದ.”

ಅವ್ವ ಸೆರಗು ಹೊದ್ದುಕೊಂಡು ಎದ್ದು ನಿಂತಳು. ಸಿಟ್ಟು ಮಾಡಲಿಲ್ಲ, ಅಳಲಿಲ್ಲ. “ಏಳೋ. ಹನ್ನೆರಡರ ಮೋಟಾರ ಸಿಗತದ” ಎಂದಳು. ಸೊಲ್ಲಾಪುರದಲ್ಲಿ ಇಂದಿರೆ ಬಾಗಿಲಲ್ಲಿ ನಿಂತಿರುತ್ತಾಳೆ, ಅವಳಿಗೆ ನಾನು ಏನೆಂದು ಹೇಳಲಿ? ಜಾತಕ ಕೂಡಲಿಲ್ಲ ಎಂದಲ್ಲ, ಹುಡುಗ ಒಪ್ಪಲಿಲ್ಲ ಎಂದಲ್ಲ, ನಿನ್ನಣ್ಣ ಒಂದು ಶೀರ್ಷಿಕೆ ಹೆಚ್ಚಿಗೆ ಬರೆದ ಎಂದು ಹೇಳಬೇಕು. ಅಷ್ಟು ವರ್ಷದ ನನ್ನ ವಿದ್ಯೆಯ ಮೇಲೆ ಆಗ ನನಗೆ ಹುಟ್ಟಿದಷ್ಟು ಹೇಸಿಗೆ ಮತ್ತೆಂದೂ ಹುಟ್ಟಿಲ್ಲ.

“ಯಾರ ಎದ್ದವ್ರು? ಕೂಡ್ರಿ ಮೊದಲ” ಎನ್ನುತ್ತ ವಸಂತರಾವ್ ಅವರ ಅಜ್ಜಿ ಹೊರಗೆ ಬಂದರು. ಮನೆಯವರೆಲ್ಲ ಅವರನ್ನು ಆಯಿ ಎನ್ನುತ್ತಿದ್ದರು. ಸೊಂಟ ಬಾಗಿತ್ತು, ದನಿ ಬಾಗಿರಲಿಲ್ಲ. ನನ್ನ ಕೈಯಲ್ಲಿದ್ದ ಯಾದಿಯ ಮೇಲೆ ಬೆರಳಿಟ್ಟು, “ತಮ್ಮಾ, ಈ ಮ್ಯಾಲ ಬರದದ್ದಕ್ಕ ಏನಂದಿ?” ಎಂದು ಕೇಳಿದರು. “ಶೀರ್ಷಿಕೆ ಅಂತಾರ್ರಿ ಆಯಿ.” “ಅದರ ಕೆಲಸ ಏನು?” “ಕೆಳಗ ಬರೂದನ್ನ ಮೊದಲ ಹೇಳೂದ್ರಿ.” ಆಯಿ ತಲೆಯಾಡಿಸಿದರು. “ಹಂಗಾರ ಖರೇನ ಹೇಳ್ಯದ. ಲಗ್ನ ಅಂದ ಮ್ಯಾಲ ಕೆಳಗ ತಕರಾರ ಬರೂವ. ಆದ್ರ ಅವು ನಿನ್ನವೂ ಅಲ್ಲ, ಇವನವೂ ಅಲ್ಲ. ಆ ಹುಡುಗಾ ಹುಡಿಗೀವು. ಸಂಸಾರ ಮಾಡಿ ಅವರ ಬರ್ಕೋತಾರ. ಜಾಗಾ ಹಂಗ ಇರ್ಲಿ, ಯಾರೂ ಮುಟ್ಟಬ್ಯಾಡ್ರಿ.” ಆಮೇಲೆ ಕಾಕಾನ ಕಡೆ ತಿರುಗಿ, “ನಿನ್ನ ಲಗ್ನದಾಗ ತಕರಾರ ಬರಿಲಿಕ್ಕೆ ಕುಂತಿದ್ರ ಕಾಗದ ಮೈಂದರ್ಗಿ ತನಕಾ ಹಾಸಬೇಕಾಗ್ತಿತ್ತು. ಉಪ್ಪಿಟ್ಟಿನ ಮಾತ ಆಡ್ತಾನ” ಎಂದರು. ಕಡೆಗೆ ಅವ್ವನ ಕೈ ಹಿಡಿದು, ಬಾಗಿಲ ಕಡೆ ನೋಡಿ ಎಲ್ಲರಿಗೂ ಕೇಳುವ ಹಾಗೆ ಹೇಳಿದರು: “ಕೂಡವಾ ತಂಗಿ. ಮುರದದ್ದರ ಮಾತ ತಗದಾಕಿ ನನ್ನ ಮೊಮ್ಮಗಳು. ಆಕೀದು ಲಗ್ನ ಆದದ್ದು ನಾಕನೇ ಸಂಬಂಧಕ್ಕ.” ಬಾಗಿಲ ಮರೆಯಲ್ಲಿ ಯಾರೋ ಫಕ್ಕನೆ ನಕ್ಕರು. ಕಾಕಾನ ಮೀಸೆಯೂ ಅಲುಗಿತು. ಅವ್ವ ಕೂತಳು.

ಉಳಿದ ಐದು ಶೀರ್ಷಿಕೆಗಳನ್ನು ನಾನು ಆವತ್ತು ತುಂಬಿದ ವೇಗ ನೋಡಿದ್ದರೆ ನಮ್ಮ ಸಾಹೇಬರು ಬೆರಗಾಗುತ್ತಿದ್ದರು. ಹನ್ನೆರಡಕ್ಕೆ ಆರು ನಿಮಿಷ ಇರುವಾಗ ಬಾಯಿಗೆ ಸಕ್ಕರೆ ಬಿತ್ತು. ಹೊರಡುವಾಗ ವಸಂತರಾವ್ ಅಂಗಳದ ತನಕ ಬಂದು, ಬೆಳಗಿನಿಂದ ಮೊದಲ ಸಲ ಬಾಯಿಬಿಟ್ಟು, “ನಾಕ ಬೆರಳ ಜಾಗಾ ಸಾಕಾಗ್ತದೇನ್ರಿ?” ಎಂದರು. ಮನೆಯಲ್ಲಿ ಇಂದಿರೆ “ಆತೇನವಾ?” ಎಂದಷ್ಟೇ ಕೇಳಿದಳು. ಅವ್ವ ಸೆರಗಿನಲ್ಲಿ ಕಟ್ಟಿ ತಂದ ಸಕ್ಕರೆಯನ್ನು ಅವಳ ಬಾಯಿಗೆ ಹಾಕಿ, ಆಗ ಅತ್ತಳು. ನಾನು ಕೈಕಾಲು ತೊಳೆಯುವ ನೆಪದಲ್ಲಿ ಹಿತ್ತಿಲಿಗೆ ಹೋಗಿ ನನ್ನ ಪಾಲಿನದನ್ನು ಅಲ್ಲಿ ಮುಗಿಸಿಕೊಂಡೆ.

ಲಗ್ನವಾಗಿ ಎರಡು ವರ್ಷವಾಯಿತು. ಮೊನ್ನೆ ಅಕ್ಕಲಕೋಟೆಗೆ ಹೋದಾಗ ಇಂದಿರೆ ಟ್ರಂಕಿನಿಂದ ಆ ಯಾದಿಯನ್ನು ತೆಗೆದು ನನ್ನ ಮುಂದೆ ಇಟ್ಟಳು. ತಕರಾರಿನ ಕೆಳಗೆ ಅವಳ ಅಕ್ಷರದಲ್ಲಿ ಒಂದನೆಯ ನಂಬರು ಬಿದ್ದಿತ್ತು: “ನಮ್ಮ ಅಣ್ಣ ಬಂದಾಗಲೆಲ್ಲ ಅಡಿಗೆಮನೆಯ ಡಬ್ಬಿಗಳಿಗೆ ಶೀರ್ಷಿಕೆ ಅಂಟಿಸಿ ಹೋಗುತ್ತಾನೆ. ಬೇಳೆ ತೀರಿ ಆ ಡಬ್ಬಿಗೆ ರವೆ ಹಾಕಿದರೆ ಪತ್ರ ಬರೆದು ಕೇಳುತ್ತಾನೆ.” ಕೆಳಗೆ ಗಂಡ ಹೆಂಡತಿ ಇಬ್ಬರ ಸಹಿ. ಎರಡು ವರ್ಷದಲ್ಲಿ ಅವರಿಗೆ ಬರೆಯಬೇಕೆನಿಸಿದ ತಕರಾರು ಅದೊಂದೇ ಎಂದು ನನಗೆ ನಿಜವಾಗಿ ಸಂತೋಷವಾಯಿತು. ಏನಾದರೂ ಒಳ್ಳೆಯ ಮಾತು ಹೇಳಬೇಕೆಂದು ಬಾಯಿ ತೆರೆದೆ. “ಎಲ್ಲಾ ಛಲೋ ಅದ. ಆದ್ರ ಶೀರ್ಷಿಕೆಗೂ ಮೊದಲನೇ ಸಾಲಿಗೂ ನಡುವ ಒಂದ ಬೆರಳ ಜಾಗಾ ಬಿಡಬೇಕಿತ್ತು” ಎಂದೆ. ಇಂದಿರೆ ಗಂಡನ ಮುಖ ನೋಡಿದಳು. ವಸಂತರಾವ್ ಕಿಸೆಯಿಂದ ಪೆನ್ನು ತೆಗೆದು, ಎರಡನೆಯ ನಂಬರು ಹಾಕಿದರು.