ತೂಕಡಿಕೆ ರಾಜ್ಯದ ಕಾಲಯಂತ್ರ

ಫೋನಿನಲ್ಲಿ ಬಡಾಯಿ ಕೊಚ್ಚುವುದು ಎದುರಿಗೆ ಕೊಚ್ಚುವುದಕ್ಕಿಂತ ಸುಲಭ ಎಂಬುದು ನನ್ನ ಅನುಭವ. ಎದುರಿಗಿದ್ದರೆ ಕೇಳುವವರ ಹುಬ್ಬು ಮೇಲೇರುವುದು ಕಾಣುತ್ತದೆ, ಮರ್ಯಾದಸ್ಥರಾದ ನಾವು ಸ್ವಲ್ಪ ಕೆಳಗಿಳಿಯುತ್ತೇವೆ. ಫೋನಿಗೆ ಹುಬ್ಬಿಲ್ಲ. ಹೀಗಾಗಿ ಆ ವರ್ಷ ಸಂಕ್ರಾಂತಿಯ ದಿನ ತಿರುವನಂತಪುರದಿಂದ ನಾಗಭೂಷಣ ಫೋನ್ ಮಾಡಿ, ತನ್ನ ಮಗ ಕನ್ನಡ ಪದ್ಯಗಳನ್ನು ಪಟಪಟನೆ ಒಪ್ಪಿಸುವುದನ್ನು ಕಾಲು ಗಂಟೆ ವರ್ಣಿಸಿದಾಗ, ನನ್ನ ಬಾಯಿಂದಲೂ ಒಂದು ಮಾತು ಜಾರಿತು. "ನಮ್ಮ ಸಿರಿ ಪದ್ಯಗಿದ್ಯ ಒಪ್ಪಿಸಲ್ಲಪ್ಪ. ಕನ್ನಡದಲ್ಲಿ ಸ್ವಂತ ಕಥೆ ಕಟ್ಟಿ ಹೇಳ್ತಾಳೆ" ಎಂದೆ. ನಾಗಭೂಷಣ ನಮ್ಮ ಇಲಾಖೆಯವನೇ. ಇಬ್ಬರೂ ಒಂದೇ ದಿನ ಕೆಲಸಕ್ಕೆ ಸೇರಿದವರು, ಅಂದಿನಿಂದ ಗೆಳೆಯರು, ಅಂದಿನಿಂದಲೇ ಪೈಪೋಟಿ. "ಹೌದೇನೋ? ಹಾಗಾದ್ರೆ ಯುಗಾದಿ ಊಟಕ್ಕೆ ನಮ್ಮನೆಗೆ ಬಂದ್ಬಿಡಿ. ಇಲ್ಲಿರೋ ಕನ್ನಡದವರೆಲ್ಲ ಸೇರ್ತೀವಿ. ಸಿರಿ ಒಂದು ಕಥೆ ಹೇಳ್ಲಿ" ಎಂದು ಫೋನಿಟ್ಟ.

ಏಳು ವರ್ಷದ ಸಿರಿ ನನ್ನ ಪಕ್ಕದಲ್ಲೇ ಕೂತು ಎಳ್ಳುಬೆಲ್ಲ ಮುಕ್ಕುತ್ತಿದ್ದಳು. ನನಗೆ ಕೊಚ್ಚಿಗೆ ವರ್ಗವಾಗಿ, ಮೈಸೂರು ಬಿಟ್ಟು ಕೊಚ್ಚಿಯ ಪಕ್ಕದ ತ್ರಿಪ್ಪುಣಿತ್ತುರದಲ್ಲಿ ಮನೆ ಮಾಡಿದಾಗ ಅವಳಿಗೆ ಒಂದೂವರೆ ವರ್ಷ. ಕನ್ನಡ ಪೂರ್ತಿ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಮಲಯಾಳದಲ್ಲಿ. "ಊಟ ಮಾಡ್ತೀಯಾ?" ಎಂದರೆ "ವೇಂಡ", ಬೇಡವಂತೆ. ನನ್ನ ಅಮ್ಮ ಮೈಸೂರಿನಿಂದ ಫೋನ್ ಮಾಡಿದರೆ ಅಜ್ಜಿ ಮೊಮ್ಮಗಳ ನಡುವೆ ನಾನು ದುಭಾಷಿ. ಇದನ್ನು ಆಫೀಸಿನಲ್ಲಿ ತಮಾಷೆಯಾಗಿ ಹೇಳಿ ನಗಿಸುತ್ತಿದ್ದೆ. ನಿಜ ಹೇಳಬೇಕೆಂದರೆ ನನಗೆ ಬಹಳ ಸಂಕಟವಾಗುತ್ತಿತ್ತು.

"ಆಡಿದ ಮಾತನ್ನ ವಾಪಸ್ ತರೋ ಯಂತ್ರ ಇದ್ದಿದ್ರೆ!" ಎಂದು ಮರುದಿನ ತಿಂಡಿಗೆ ಕೂತಾಗ ಗೊಣಗಿದೆ. "ನಿಮಗೆ ದಿನಕ್ಕೆ ನಾಲ್ಕು ಬೇಕಾಗ್ತಿತ್ತು" ಎಂದಳು ಹೆಂಡತಿ ಸುಮ. ಸಿರಿ ಮಾತ್ರ, ಅದೆಂಥ ಯಂತ್ರ ಎಂದು ಮಲಯಾಳದಲ್ಲೇ ಗಂಟುಬಿದ್ದಳು. ತಟ್ಟೆಯಲ್ಲಿ ಪುಟ್ಟು ಇತ್ತು. ಅಕ್ಕಿಹಿಟ್ಟು, ಕಾಯಿತುರಿಗಳನ್ನು ಪದರ ಪದರವಾಗಿ ಕೊಳವೆಗೆ ತುಂಬಿ, ಆವಿಯಲ್ಲಿ ಬೇಯಿಸಿ, ಹಿಂದಿನಿಂದ ಕೋಲಿನಲ್ಲಿ ನೂಕಿ ತೆಗೆಯುವ ಈ ಊರಿನ ತಿಂಡಿ. ಅದನ್ನೇ ನೋಡುತ್ತ ಒಂದು ಲೋಕವನ್ನೇ ಕಟ್ಟಿಬಿಟ್ಟೆ. ತೂಕಡಿಕೆ ರಾಜ್ಯ ಅಂತ ಒಂದಿದೆ. ರಾಜನಿಂದ ಹಿಡಿದು ಕಾವಲುಗಾರನವರೆಗೆ ಎಲ್ಲರೂ ತೂಕಡಿಸುವುದರಿಂದ ಅಲ್ಲಿ ಯಾವ ಕೆಲಸವೂ ಹೊತ್ತಿಗೆ ಸರಿಯಾಗಿ ಆಗುವುದಿಲ್ಲ. ಅದಕ್ಕೇ ಅರಮನೆಯ ಅಂಗಳದಲ್ಲಿ ತೆಂಗಿನಮರದಷ್ಟು ಎತ್ತರದ ಪುಟ್ಟಿನ ಕೊಳವೆ ನಿಲ್ಲಿಸಿದ್ದಾರೆ. ಹಿಟ್ಟಿನ ಪದರ ಹಗಲು, ತುರಿಯ ಪದರ ರಾತ್ರಿ. ಕೋಲಿನಿಂದ ನೂಕಿದರೆ ಕಳೆದುಹೋದ ದಿನ ಬಿಸಿಬಿಸಿಯಾಗಿ ಹೊರಗೆ ಬರುತ್ತದೆ, ಅದನ್ನು ಮತ್ತೊಮ್ಮೆ ಸರಿಯಾಗಿ ಕಳೆಯಬಹುದು. "ಆದ್ರೆ ಆ ಯಂತ್ರಕ್ಕೆ ಕನ್ನಡ ಮಾತ್ರ ಗೊತ್ತು. ಮಧ್ಯೆ ಒಂದು ಮಲಯಾಳ ಪದ ಬಂದ್ರೂ ಕಾಲ ಮುಂದಕ್ಕೆ ಹಾರಿ ನೇರವಾಗಿ ಸೋಮವಾರ ಬೆಳಿಗ್ಗೆ ಆಗ್ಬಿಡುತ್ತೆ" ಎಂದೆ.

ಮೊದಲ ವಾರವೆಲ್ಲ ಅವಳು ನಮ್ಮನ್ನು ಸೋಮವಾರಕ್ಕೇ ಕಳಿಸಿದಳು. ಶಾಲೆಗೆ ಬಿಡಲು ಹೋಗುವಾಗ ಬಸ್ಸು ವೈಟ್ಟಿಲ ಸರ್ಕಲ್ಲಿನ ವಾಹನಗಳ ಗಲಾಟೆಯಲ್ಲಿ ಸಿಕ್ಕಿ ಅಲುಗಾಡದೆ ನಿಲ್ಲುತ್ತಿತ್ತು. ಅದೇ ನಮ್ಮ ರಾಜ್ಯ. ಹಿಂದಿನ ರಾತ್ರಿಯ ಊಟವನ್ನು ವಾಪಸ್ ತರಿಸಿ, "ಹಾಗಲಕಾಯಿ ವೇಂಡ" ಎಂದು ಯಂತ್ರಕ್ಕೆ ಅವಳ ಆಜ್ಞೆಯಾಗುತ್ತಿತ್ತು. ನಾನು ಬಾಯಲ್ಲಿ ಬುಸ್ಸೆಂದು ಆವಿ ಬಿಟ್ಟು "ಸೋಮವಾರ!" ಎಂದು ಕೂಗುತ್ತಿದ್ದೆ. ಪಕ್ಕದ ಸೀಟಿನ ಯಜಮಾನರು ಚೀಲ ಎತ್ತಿಕೊಂಡು ಎದ್ದುಹೋಗುತ್ತಿದ್ದರು. ಎರಡನೆಯ ವಾರ "ಹಾಗಲಕಾಯಿ ಬೇಡ" ಬಂತು. ಆಮೇಲೆ ತಡೆಯೇ ಇಲ್ಲ. ಟೀಚರ್ ಬೈದದ್ದು ಹಿಂದಕ್ಕೆ, ಮಟ್ಟಾಂಚೇರಿಯ ಬೋಟಿನಲ್ಲಿ ಮರೆತ ನೀರಿನ ಬಾಟಲಿ ಹಿಂದಕ್ಕೆ. ಒಂದು ದಿನ, "ಅಪ್ಪ, ನೀನು ಯಾವ ದಿನಾನ ವಾಪಸ್ ತರ್ತೀಯ?" ಎಂದು ಕೇಳಿದಳು. ಅಷ್ಟುದ್ದದ ವಾಕ್ಯದಲ್ಲಿ ಒಂದೂ ಮಲಯಾಳ ಪದವಿರಲಿಲ್ಲ. ಆ ಸಂತೋಷದ ಅಮಲಿನಲ್ಲಿ ಸಂಕ್ರಾಂತಿಯ ಬಡಾಯಿಯನ್ನು ಬಾಯಿಬಿಟ್ಟೆ.

ಯುಗಾದಿಗೆ ತಿರುವನಂತಪುರಕ್ಕೆ ಹೋದೆವು. ಹತ್ತು ಸಂಸಾರ ನೆರೆದಿತ್ತು. ನಾಗಭೂಷಣನ ಮಗ ಮೂರು ಪದ್ಯಗಳನ್ನು ಎಲ್ಲೂ ತಪ್ಪದೆ ಒಪ್ಪಿಸಿದ. ಆಮೇಲೆ ಸಿರಿ ಎದ್ದು ನಿಂತಳು. "ತೂಕಡಿಕೆ ರಾಜ್ಯ ಅಂತ ಒಂದಿದೆ" ಎಂದು ಶುರುಮಾಡಿದವಳು ನಿಲ್ಲಿಸಲೇ ಇಲ್ಲ. ನಾನು ಹೇಳದ ರಾಣಿ ಬಂದಳು, ಗೊರಕೆ ಹೊಡೆಯುವ ಆನೆ ಬಂತು, ಕೇಳುತ್ತಿದ್ದವರ ಒಬ್ಬಟ್ಟು ಹಿಡಿದ ಕೈಗಳು ಅಲ್ಲಲ್ಲೇ ನಿಂತವು. "ಆಮೇಲೆ ಅಲ್ಲಿಗೆ ನಮ್ಮಪ್ಪ ಬಂದ. ನನ್ನ ಮಗಳು ಕನ್ನಡದಲ್ಲಿ ಕಥೆ ಹೇಳ್ತಾಳೆ ಅಂತ ನಾಗಭೂಷಣ ಅಂಕಲ್‌ಗೆ ಸುಳ್ಳು ಹೇಳ್ಬಿಟ್ಟಿದೀನಿ, ಆ ದಿನಾನ ವಾಪಸ್ ಕೊಡು ಅಂತ ಅತ್ತ. ಯಂತ್ರ ಕೊಡಲ್ಲ ಅಂತು."

ನಾಗಭೂಷಣ ನನ್ನತ್ತ ತಿರುಗಿದ. ಫೋನಿನಲ್ಲಿ ಕಾಣದ ಹುಬ್ಬು ಅಂದು ಎರಡೂ ಕಂಡವು. "ಯಾಕಮ್ಮ ಕೊಡಲ್ಲ ಅಂತು?" ಎಂದ.

"ಈಗ ಅದು ಸುಳ್ಳಲ್ವಲ್ಲ ಅಂಕಲ್!"

ಮನೆಯೆಲ್ಲ ನಗುವೋ ನಗು. ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು, ಕಣ್ಣೊರೆಸಿಕೊಂಡವನೂ ನಾನೇ. ಸೋತ ನಾಗಭೂಷಣ ತಾನೇ ಬಂದು ನನ್ನ ಎಲೆಗೆ ಇನ್ನೊಂದು ಒಬ್ಬಟ್ಟು ಬಡಿಸಿದ. ಗೆದ್ದವನ ಗತ್ತಿನಲ್ಲಿ ತಿಂದೆ.

ವಾಪಸು ಬರುವಾಗ ರೈಲಿನಲ್ಲಿ ಅಮ್ಮನ ಫೋನ್ ಬಂತು. ದುಭಾಷಿಯಾಗಲು ಗಂಟಲು ಸರಿಮಾಡಿಕೊಂಡೆ. ಸಿರಿ ಮೊಬೈಲನ್ನು ಕಸಿದುಕೊಂಡು ಕಿಟಕಿಯ ಪಕ್ಕ ಹೋಗಿ ಕೂತಳು. ಅರ್ಧ ಗಂಟೆ ಕನ್ನಡದಲ್ಲಿ ಪಿಸಪಿಸ, ನಡುನಡುವೆ ನನ್ನನ್ನು ನೋಡಿ ಕಿಸಕಿಸ. ಕೊನೆಗೆ ಮೊಬೈಲು ನನ್ನ ಕೈಗೆ ಬಂದಾಗ, "ಅಷ್ಟೊತ್ತು ಏನಮ್ಮ ಮಾತಾಡಿದ್ರಿ?" ಎಂದು ಕೇಳಿದೆ.

"ನೀನು ಚಿಕ್ಕವನಾಗಿದ್ದಾಗ ಏನೇನು ಸುಳ್ಳು ಹೇಳ್ತಿದ್ದೆ ಅಂತ ಕೇಳಿದ್ಲು, ಹೇಳ್ತಿದ್ದೆ. ಇನ್ನೂ ಮೂರನೇ ಕ್ಲಾಸಿಗೆ ಬಂದಿದೀವಿ" ಎಂದರು ಅಮ್ಮ. "ಮಿಕ್ಕಿದ್ದು ನಾಳೆ."