ಪಂಚಾಕ್ಷರಿಯ ಹಕ್ಕುದಾರರು

"ನೋಡವಾ, ಇನ್ನ ಮ್ಯಾಲ ನನಗ ಯಾರೂ ಕಳ್ಳ ಅನ್ನಂಗಿಲ್ಲ!"

ಗದಗಿನ ನಮ್ಮ ನೆರೆಮನೆಯ ಮಹಾರುದ್ರಪ್ಪ ಕಾಕಾ ಬಾಗಿಲ ಮೇಲಿನ ತಗಡಿನ ಡಬ್ಬಿಯನ್ನು ಹೆಮ್ಮೆಯಿಂದ ತೋರಿಸಿದರು. ಗಂಡನ ಹೆಸರನ್ನು ಪದ್ಯದಲ್ಲಿ ಹೇಳುವ ಒಡಪುಗಳ ವಿಡಿಯೊಗಳನ್ನು ಎಲ್ಲೆಲ್ಲಿಂದಲೋ ಹೆಕ್ಕಿ ತಮ್ಮ ಜಾಲತಾಣದಲ್ಲಿ ಪೇರಿಸಿದ್ದ ಅವರು ಕೃತಿಸ್ವಾಮ್ಯದ ದೂರುಗಳಿಂದ ಬೇಸತ್ತಿದ್ದರು. ಅದಕ್ಕೇ ಈ ಯಂತ್ರ: ನಕಲು ಮಾತು ಕೇಳಿಸಿದೊಡನೆ ವಿರುದ್ಧ ಧ್ವನಿತರಂಗ ಹೊಮ್ಮಿಸಿ ಅದನ್ನು ಅಲ್ಲೇ ಅಳಿಸುತ್ತದೆ. ಭೌತಶಾಸ್ತ್ರದ ಪದವೀಧರೆಯಾದ ನನಗೆ ತತ್ತ್ವದಲ್ಲಿ ದೋಷ ಕಾಣಲಿಲ್ಲ.

"ಬಂದ್ ಮಾಡೋ ಗುಂಡಿ ಎಲ್ಲೈತಿ ಕಾಕಾ?"

"ಗುಂಡಿ ಯಾಕವಾ? ಬಾಯಿಲೇ ಹೇಳಿದ್ರಾತು. ಬಿಸಿಲೇ ಅದಕ್ಕ ಊಟ!"

ಅಷ್ಟರಲ್ಲಿ ಮದುವೆ ಮುಗಿಸಿಕೊಂಡು ಅವರ ಮಗ ಪಂಚಾಕ್ಷರಿ, ಸೊಸೆ ಶಿವಲೀಲಾ ಹೊಸ್ತಿಲಿಗೆ ಬಂದರು. ಸೊಸೆಯ ಬಾಯಲ್ಲಿ ಒಡಪು ಕೇಳದೆ ಗೃಹಪ್ರವೇಶವಿಲ್ಲ! ಶುಭ ಗಳಿಗೆ ಮೀರಲು ಉಳಿದದ್ದು ಹನ್ನೊಂದು ನಿಮಿಷ. ಮೀರಿದರೆ ಸಂಜೆಯವರೆಗೆ ಹೊರಗೇ!

"ಹಿತ್ತಲದಾಗ ಮಲ್ಲಿಗಿ..." ಎಂದಳು ಶಿವಲೀಲಾ. ಮುಂದೆ ತುಟಿ ಆಡಿತು, ಸದ್ದಿಲ್ಲ!

"ನಕಲು. ಹಕ್ಕುದಾರರು: ರೋಣದ ಫಕೀರವ್ವ," ಎಂದಿತು ಡಬ್ಬಿ.

ಇನ್ನೊಂದು ಒಡಪು ಹೇಳಿದಳು.

"ನಕಲು. ಹಕ್ಕುದಾರರು ನಲವತ್ತೊಂದು ಮಂದಿ. ಅವರಲ್ಲೇ ವ್ಯಾಜ್ಯವಿದೆ."

"ಬಾಯಿ ಬಂದ್ ಮಾಡು!" ಎಂದು ಕಾಕಾ ಗರ್ಜಿಸಿದ್ದು ಅವರ ತುಟಿಯಿಂದಷ್ಟೇ ತಿಳಿಯಿತು.

"ನಕಲು. ಹಕ್ಕುದಾರರು: ನಿಮ್ಮ ಧರ್ಮಪತ್ನಿ."

ಆ ಧರ್ಮಪತ್ನಿ ಗುರವ್ವ ಕಾಕು ಸಿಡಿದರು. "ನಿಮ್ಮ ತಲಿಯೊಳಗ ಇರೂದು ಮಿದುಳಲ್ಲರೀ, ಮಳಿಗಿ ನೆಂದ ಮೈಕು!"

"ಸ್ವಂತ ರಚನೆ. ಅನುಮೋದಿಸಲಾಗಿದೆ."

ಶಿವಲೀಲಾಳ ಕಣ್ಣು ಅರಳಿತು. ಸೆರಗು ಸರಿಪಡಿಸಿಕೊಂಡು, ಡಬ್ಬಿಯನ್ನೇ ದಿಟ್ಟಿಸಿ ಹೇಳಿದಳು:

"ಹಾಲಿಗಿ ಕೆನಿ ಚಂದ, ಮಾವನವರ ಡಬ್ಬಿಗಿ ತುಕ್ಕು,
ಪಂಚಾಕ್ಷರಿಯವರ ಮ್ಯಾಲ ನನ್ನೊಬ್ಬಾಕಿದೇ ಹಕ್ಕು!"

"ಸ್ವಂತ ರಚನೆ. ಹಕ್ಕು ದಾಖಲಾಯಿತು."

ಅಕ್ಕಿಯ ಸೇರನ್ನು ಒದ್ದು ಅವಳು ಒಳಗೆ ಬಂದಾಗ ಇನ್ನೂ ಎರಡು ನಿಮಿಷ ಉಳಿದಿತ್ತು. ಚಪ್ಪಾಳೆಯೋ ಚಪ್ಪಾಳೆ! ಕಾಕು ಹಿಗ್ಗಿ, "ಬಾರಪಾ, ಪಂಚಾ..." ಎಂದರು. ಉಳಿದ ಅಕ್ಷರಗಳು ಮಾಯ!

"ಆ ಹೆಸರು ಶಿವಲೀಲಾ ಅವರ ಸ್ವತ್ತು. ಇತರರು ಸ್ವಂತ ಒಡಪಿನಲ್ಲಿ ಮಾತ್ರ ಬಳಸತಕ್ಕದ್ದು."

"ನಾ ಹೆತ್ತ ಮಗಾ ಅಂವ!"

"ಪುರಾವೆ ಅಪ್‌ಲೋಡ್ ಮಾಡಿ."

ಈಗ ಆ ಮನೆಯಲ್ಲಿ ಪಂಚಾಕ್ಷರಿಯನ್ನು ಹೆಸರು ಹಿಡಿದು ಧಾರಾಳವಾಗಿ ಕರೆಯುವವಳು ಹೆಂಡತಿಯೊಬ್ಬಳೇ. ಮಿಕ್ಕವರು ಪ್ರತಿ ಸಲವೂ ಹೊಸ ಒಡಪು ಕಟ್ಟಬೇಕು. ಅವನನ್ನು ಚಹಾಕ್ಕೆ ಕರೆಯುವಾಗ, ಅದು ಆರುವುದರೊಳಗೆ ಪ್ರಾಸ ಕೂಡಿಬಂದದ್ದು, ನನ್ನ ದಾಖಲೆಗಳ ಪ್ರಕಾರ, ಹತ್ತಕ್ಕೆ ಮೂರು ಬಾರಿ.